‘ಇತಿಹಾಸದಲ್ಲಿ ಈ ದಿನ’: ತಾರೀಕನ್ನು ಬದಿಗಿಟ್ಟು 366 ಪುಟ ತುಂಬಿಸಿದ ಬಗೆ

‘ಇತಿಹಾಸದಲ್ಲಿ ಈ ದಿನ’ ಪಟ್ಟಿಯನ್ನು ತಿಂಗಳು–ತಾರೀಕಿನ ಖಾನೆಗಳಲ್ಲಿ ತುಂಬುತ್ತಾ ಹೋಗಬಾರದು, ಬಹಳ ಹಿಂದಿನ ಒಂದು ದಿನದಿಂದ ಒಂದೊಂದಾಗಿ ಎಣಿಸುತ್ತಾ ಬಂದ ದಿನಸಂಖ್ಯೆಯ ಮೇಲೆ ಕಟ್ಟಬೇಕು ಎಂದು ನಾನು ಹೇಳಿದಾಗ ಈ ಕೆಲಸದಲ್ಲಿ ಪಳಗಿದವರೇ ಒಪ್ಪಲಿಲ್ಲ. ಖಗೋಳದವರ ಲೆಕ್ಕ ದಿನಕ್ಕೆ ನಾಲ್ಕು ಸಾಲಿನ ಅಂಕಣಕ್ಕೆ ಯಾಕೆ, ಓದುವವರು ನೋಡುವುದು ತಾರೀಕನ್ನು ಮಾತ್ರ ಅಲ್ಲವೇ ಎಂದರು. ಈಗ 366 ಪುಟವೂ ಭರ್ತಿಯಾಗಿ ವರ್ಷದ ಒಂದು ಸುತ್ತು ಮುಗಿದಿದೆ. ತಪ್ಪು ತೋರಿಸಿ ಬರುವ ಪತ್ರಗಳು ಹಿಂದಿದ್ದುದರ ಹತ್ತರಲ್ಲೊಂದು ಪಾಲಿಗೆ ಇಳಿದಿವೆ. ಬರುವವುಗಳಲ್ಲೂ ಮುಕ್ಕಾಲು ಪಾಲಿಗೆ ಉತ್ತರ ಕಡತದಲ್ಲೇ ಸಿದ್ಧವಾಗಿರುತ್ತದೆ. ಇದೇ ಕೆಲಸ ಮಾಡುವವರಿಗಾಗಿ ಬರೆಯುತ್ತಿದ್ದೇನೆ. ಯುರೋಪಿನ ಹಳೆಯ ಪಂಚಾಂಗ ಜೂಲಿಯನ್, 1582ರಿಂದ ಒಂದೊಂದೇ ದೇಶ ಅದರ ಬದಲು ಹಿಡಿದ ಈಗಿನ ಪಂಚಾಂಗ ಗ್ರೆಗೋರಿಯನ್; ಅದಕ್ಕಿಂತ ಹೆಚ್ಚಿನ ಪಾಠವನ್ನು ಮತ್ತೆ ಹೇಳುವುದಿಲ್ಲ.

ಒಂದು ಘಟನೆಗೆ ಒಂದು ಸಾಲು, ಸಾಲಿಗೆ ಒಂಬತ್ತು ಖಾನೆ. ಮೂಲದಲ್ಲಿ ಇದ್ದ ಹಾಗೆಯೇ ತಾರೀಕು, ಯಾವ ಪಂಚಾಂಗ, ಆ ಊರಲ್ಲಿ ಆಗ ವರ್ಷ ಯಾವತ್ತು ಶುರುವಾಗುತ್ತಿತ್ತು, ಮೂಲ ವಾರ ಹೇಳಿದ್ದರೆ ವಾರ, ಜೂಲಿಯನ್ ದಿನಸಂಖ್ಯೆ, ಊರು, ಗಂಟೆ, ಘಟನೆಯ ಹಂತ, ಎಷ್ಟು ಖಚಿತ. ಪುಟದ ತಾರೀಕಿಗೆ ಖಾನೆಯೇ ಇಲ್ಲ. ಅದು ಕೊನೆಯಲ್ಲಿ ಸೂತ್ರದಿಂದ ಹುಟ್ಟುತ್ತದೆ, ಯಾರೂ ಕೈಯಿಂದ ತುಂಬುವುದಿಲ್ಲ. ಇಡೀ ವಿಧಾನದ ಗುಟ್ಟು ಇದೊಂದೇ. ಕೈಯಿಂದ ತುಂಬಿದ ತಾರೀಕು ಯಾವ ಲೆಕ್ಕದಲ್ಲಿ ಬಂತು ಎಂದು ಮೂರು ತಿಂಗಳ ನಂತರ ತುಂಬಿದವರಿಗೂ ನೆನಪಿರುವುದಿಲ್ಲ.

ಮೇ 29ರ ಪುಟವನ್ನೇ ತೆಗೆದುಕೊಳ್ಳಿ. 1453ರ ಮೇ 29ರಂದು ಕಾನ್‌ಸ್ಟಾಂಟಿನೋಪಲ್ ಒಟ್ಟೊಮನ್ನರ ವಶವಾಯಿತು. 1953ರ ಮೇ 29ರಂದು ತೇನ್‌ಸಿಂಗ್ ನೋರ್ಗೆ ಮತ್ತು ಎಡ್ಮಂಡ್ ಹಿಲರಿ ಎವರೆಸ್ಟ್ ನೆತ್ತಿ ತಲುಪಿದರು. ‘ಸರಿಯಾಗಿ 500 ವರ್ಷಗಳ ಬಳಿಕ’ ಎಂದು ಬರೆಯಲು ಯಾರಿಗಾದರೂ ಕೈ ತುರಿಸುತ್ತದೆ. ಮೊದಲನೆಯದರ ದಿನಸಂಖ್ಯೆ 22,51,915, ಎರಡನೆಯದರದು 24,34,527. ಕಳೆದರೆ 1,82,612 ದಿನ. ಗ್ರೆಗೋರಿಯನ್ ಲೆಕ್ಕದಲ್ಲಿ ಆ 500 ವರ್ಷಕ್ಕೆ 1,82,621 ದಿನ ಬೇಕು. ಒಂಬತ್ತು ದಿನ ಕಡಿಮೆ ಬಿತ್ತು, ಅಂದರೆ 500 ತುಂಬಿದ್ದು 1953ರ ಜೂನ್ 7ಕ್ಕೆ. 1453ರ ತಾರೀಕು ಜೂಲಿಯನ್, 1953ರದು ಗ್ರೆಗೋರಿಯನ್. ಎರಡೂ ಘಟನೆ ಮೇ 29ರ ಪುಟದಲ್ಲೇ ಇರಲಿ, ತಕರಾರಿಲ್ಲ. ‘ಸರಿಯಾಗಿ’ ಎಂಬ ಮಾತು ಮಾತ್ರ ಹೋಗಬೇಕು.

ದಿನಸಂಖ್ಯೆಯನ್ನು ಏಳರಿಂದ ಭಾಗಿಸಿ ಶೇಷ ನೋಡುವುದು ನನ್ನ ಮುಖ್ಯ ತಾಳೆ. ಶೇಷ 0 ಬಂದರೆ ಸೋಮವಾರ, 1 ಬಂದರೆ ಮಂಗಳವಾರ, ಹೀಗೆ. 22,51,915ಕ್ಕೆ ಶೇಷ 1. ಆ ನಗರ ಬಿದ್ದದ್ದು ಮಂಗಳವಾರ ಎಂದೇ ಆ ಕಾಲದವರು ಬರೆದಿಟ್ಟಿದ್ದಾರೆ, ತಾಳೆ ಕೂಡಿತು. ಅದೇ 1453-05-29 ಅನ್ನು ಪೈಥಾನ್ ಎಂಬ ಪ್ರೋಗ್ರಾಮಿಂಗ್ ಭಾಷೆಯ ತಾರೀಕಿನ ಸೌಲಭ್ಯಕ್ಕೆ ಕೊಟ್ಟು ನೋಡಿ, ಭಾನುವಾರ ಎನ್ನುತ್ತದೆ. ಯಾಕೆಂದರೆ ಅದು ಗ್ರೆಗೋರಿಯನ್ ಲೆಕ್ಕವನ್ನೇ ಹಿಂದಕ್ಕೆ ಎಳೆದುಕೊಂಡು ಹೋಗುತ್ತದೆ. ದತ್ತಾಂಶ ಸಂಗ್ರಹದ ತಂತ್ರಾಂಶ ಪೋಸ್ಟ್‌ಗ್ರೆಸ್ ಕೂಡ ಹಾಗೆಯೇ. ಹಾಗಾಗಿ 1582ಕ್ಕಿಂತ ಹಿಂದಿನ ಯಾವ ತಾರೀಕನ್ನೂ ತಂತ್ರಾಂಶದ ತಾರೀಕು ಖಾನೆಗೆ ಹಾಕಬೇಡಿ. ಅಕ್ಷರವಾಗಿ ಇಡಿ, ದಿನಸಂಖ್ಯೆಯನ್ನು ಬೇರೆಯಾಗಿ ಪೂರ್ಣಾಂಕವಾಗಿ ಇಡಿ. ತಾಳಿಕೋಟೆ ಕದನಕ್ಕೆ 1565ರ ಜನವರಿ 23 ಎಂದೂ 26 ಎಂದೂ ಬರೆದವರಿದ್ದಾರೆ. ಮಂಗಳವಾರ ಎಂಬ ಉಲ್ಲೇಖದ ಜೊತೆ ನಿಲ್ಲುವುದು 23 (ದಿನಸಂಖ್ಯೆ 22,92,697, ಶೇಷ 1). ಶಾಸನಗಳ ತಾರೀಕಿನ ಮೇಲೆ ಕೆಲಸ ಮಾಡುವವರಿಗೆ ಇದು ಹೊಸದೇನಲ್ಲ. ಶಕವರ್ಷ, ಸಂವತ್ಸರ, ಮಾಸ, ತಿಥಿ, ವಾರ ಐದೂ ಸಿಕ್ಕರೆ ಹೇಳಿದ್ದು ಗತವರ್ಷವೋ (ಮುಗಿದ ವರ್ಷ) ವರ್ತಮಾನ ವರ್ಷವೋ (ನಡೆಯುತ್ತಿರುವ ವರ್ಷ) ಎಂಬುದನ್ನು ತೀರ್ಮಾನಿಸಿಕೊಡುವುದು ವಾರವೇ. ಮೂಲದಲ್ಲಿ ವಾರವೇ ಇಲ್ಲದಿದ್ದಾಗ ನಾನು ಹಿಡಿಯುವ ಇನ್ನೊಂದು ದಾರಿ ಇದೆ. ಚಂದ್ರನಿಗೆ ಸಂಬಂಧಿಸಿದ್ದು ಎಂದಷ್ಟೇ ಇಲ್ಲಿ ಹೇಳುತ್ತೇನೆ, ಮಿಕ್ಕದ್ದು ನನ್ನ ಬಳಿಯೇ ಇರಲಿ.

ಈಗ ಘಟನೆಯನ್ನು ಯಾವ ಪುಟದಲ್ಲಿ ತೋರಿಸಬೇಕು ಎಂಬ ನಿಯಮ. ಘಟನೆ ನಡೆದ ಊರಿನಲ್ಲಿ ಆ ದಿನ ಗೋಡೆಯ ಮೇಲೆ ಯಾವ ತಾರೀಕು ಇರುತ್ತಿತ್ತೋ ಅದೇ ಪುಟ. ಪಂಚಾಂಗದ ಹೆಸರು ಜೊತೆಗಿರಬೇಕು. ಎರಡು ಘಟನೆಗಳನ್ನು ‘ಒಂದೇ ದಿನ’ ಎಂದು ಜೋಡಿಸಬೇಕಾದರೆ ಮಾತ್ರ ಎರಡನೇ ಪರೀಕ್ಷೆ, ದಿನಸಂಖ್ಯೆ. ಷೇಕ್ಸ್‌ಪಿಯರ್ ತೀರಿಕೊಂಡದ್ದು 1616ರ ಏಪ್ರಿಲ್ 23, ಸ್ಪೇನಿನ ಲೇಖಕ ಸೆರ್ವಾಂಟಿಸ್ ಹೆಸರಿನ ಮುಂದಿರುವುದೂ ಅದೇ ತಾರೀಕು. ಇಂಗ್ಲೆಂಡ್ ಆಗ ಜೂಲಿಯನ್‌ನಲ್ಲಿತ್ತು, ಸ್ಪೇನ್ ಗ್ರೆಗೋರಿಯನ್‌ಗೆ ಹೋಗಿ ಮೂರು ದಶಕ ಕಳೆದಿತ್ತು. ನಡುವೆ ಹತ್ತು ದಿನದ ಅಂತರ. ಅದರ ಮೇಲೆ ಸೆರ್ವಾಂಟಿಸ್ ತೀರಿಕೊಂಡದ್ದು 22ಕ್ಕೆ, ಮಣ್ಣಾದದ್ದು 23ಕ್ಕೆ. ಈ ಜೋಡಿ ಎರಡನೇ ಪರೀಕ್ಷೆಯಲ್ಲಿ ಬಿದ್ದುಹೋಗುತ್ತದೆ. ಲಿಂಕನ್ ಮತ್ತು ಡಾರ್ವಿನ್ ಹುಟ್ಟಿದ 1809ರ ಫೆಬ್ರವರಿ 12 ಎರಡರಲ್ಲೂ ಪಾಸು. ಜೆಫರ್ಸನ್ ಮತ್ತು ಜಾನ್ ಆಡಮ್ಸ್ ಇಬ್ಬರೂ ತೀರಿಕೊಂಡ 1826ರ ಜುಲೈ 4 ಕೂಡ ಪಾಸು. ‘ಗೆಲಿಲಿಯೊ ಸತ್ತ ವರ್ಷವೇ ನ್ಯೂಟನ್ ಹುಟ್ಟಿದ’ ಎಂಬ ಮಾತು ನಿಲ್ಲುವುದಿಲ್ಲ: ಗೆಲಿಲಿಯೊನದು ಗ್ರೆಗೋರಿಯನ್ 1642ರ ಜನವರಿ 8, ನ್ಯೂಟನ್‌ನದು ಜೂಲಿಯನ್ 1642ರ ಡಿಸೆಂಬರ್ 25, ಅಂದರೆ ಗ್ರೆಗೋರಿಯನ್ 1643ರ ಜನವರಿ 4. ಹಾಕಿಂಗ್ ಹುಟ್ಟಿದ 1942ರ ಜನವರಿ 8 ಮಾತ್ರ ಗೆಲಿಲಿಯೊ ತೀರಿಕೊಂಡು ನಿಜಕ್ಕೂ 300 ವರ್ಷ ತುಂಬಿದ ದಿನ.

ವರ್ಷಾರಂಭದ ಖಾನೆ ಯಾಕೆ ಎಂದು ಹಲವರು ಕೇಳಿದರು. ಫ್ಲಾರೆನ್ಸ್‌ನಲ್ಲಿ ಆಗ ಹೊಸ ವರ್ಷ ಮಾರ್ಚ್ 25ಕ್ಕೆ; ಅಲ್ಲಿನ ಲೆಕ್ಕದಲ್ಲಿ ಗೆಲಿಲಿಯೊ ತೀರಿಕೊಂಡ ಜನವರಿ ಇನ್ನೂ 1641. ಇಂಗ್ಲೆಂಡ್ ಮತ್ತು ಅದರ ವಸಾಹತುಗಳಲ್ಲೂ 1752ರವರೆಗೆ ಇದೇ ಪದ್ಧತಿ. ಜಾರ್ಜ್ ವಾಷಿಂಗ್ಟನ್ ಹುಟ್ಟಿದ್ದು ಆಗಿನ ದಾಖಲೆಯ ಪ್ರಕಾರ 1731ರ ಫೆಬ್ರವರಿ 11, ಈಗಿನ ಲೆಕ್ಕದಲ್ಲಿ 1732ರ ಫೆಬ್ರವರಿ 22. ಆ ಖಾನೆ ಇಲ್ಲದಿದ್ದರೆ ಜನವರಿ, ಫೆಬ್ರವರಿ, ಮಾರ್ಚ್‌ನ ಹಳೆಯ ಸಾಲುಗಳಲ್ಲಿ ಒಂದೊಂದು ವರ್ಷ ಜಾರುತ್ತದೆ. ವಾರದ ತಾಳೆಯೂ ಅಲ್ಲಿ ಕೈಕೊಡುತ್ತದೆ, ಆದರೆ ಯಾಕೆ ಕೈಕೊಟ್ಟಿತು ಎಂದು ತಿಳಿಯುವುದಿಲ್ಲ.

ಪಂಚಾಂಗ ಬದಲಿಸುವಾಗ ಎಷ್ಟು ದಿನ ಕೂಡಿಸಬೇಕು ಎಂಬಲ್ಲಿ ಕೆಲಸಗಾರರು ಎಡವುವುದು ಹೆಚ್ಚು. ಘಟನೆ ನಡೆದ ಶತಮಾನದ ಅಂತರ ಬೇಕು, ಆಚರಣೆ ನಡೆಯುವ ಶತಮಾನದ್ದಲ್ಲ. ಕೊಸೊವೊ ಕದನ 1389ರ ಜೂನ್ 15, ಜೂಲಿಯನ್. ಆಗಿನ ಅಂತರ 8 ದಿನ, ಹಾಗಾಗಿ ಜೂನ್ 23 ಆಗಬೇಕು. ಆದರೆ ಸರ್ಬಿಯಾದಲ್ಲಿ ಆ ದಿನವನ್ನು ಈಗ ಆಚರಿಸುವುದು ಜೂನ್ 28ಕ್ಕೆ, ಇಪ್ಪತ್ತನೇ ಶತಮಾನದ 13 ದಿನದ ಅಂತರದಿಂದ. ಸಾರಾಯೆವೊದಲ್ಲಿ ಆರ್ಚ್‌ಡ್ಯೂಕ್ ಫ್ರಾಂಜ್ ಫರ್ಡಿನೆಂಡ್ ಹತ್ಯೆ 1914ರ ಜೂನ್ 28. ಆ ದಿನ ಅಲ್ಲಿನವರಿಗೆ ಕೊಸೊವೊ ದಿನವೇ ಆಗಿತ್ತು. ವರ್ಸೈ ಒಪ್ಪಂದಕ್ಕೆ ಸಹಿ ಬಿದ್ದದ್ದು 1919ರ ಜೂನ್ 28. ಇಂಥ ಕಡೆ ಕದನವನ್ನು ಜೂನ್ 15ರಲ್ಲಿಟ್ಟು, ಜೂನ್ 28ರ ಪುಟದಲ್ಲಿ ‘ಆಚರಣೆ’ ಎಂಬ ಗುರುತಿನೊಡನೆ ಇನ್ನೊಂದು ಸಾಲು ಹಾಕುತ್ತೇನೆ. ಐರ್ಲೆಂಡ್‌ನ ಬಾಯ್ನ್ ಕದನ 1690ರ ಜುಲೈ 1, ಜೂಲಿಯನ್. ಗ್ರೆಗೋರಿಯನ್ ಜುಲೈ 11. ಆಚರಿಸುವುದು ಜುಲೈ 12. ಅಲ್ಲೂ ಇದೇ ಉಪಾಯ.

ದುಡ್ಡಿನ ವಿಷಯ. ಉಪಕರಣಗಳಿಗೆ ತಗಲಿದ್ದು ನೂರಕ್ಕೆ ಐದು ಪಾಲೂ ಇಲ್ಲ. ಅರ್ಧಕ್ಕಿಂತ ಹೆಚ್ಚು ಎರಡನೇ ಮೂಲ ಹುಡುಕುವವರ ಕೂಲಿಗೆ, ಕಾಲುಪಾಲಿನಷ್ಟು ಚಿತ್ರಗಳ ಹಕ್ಕಿಗೆ, ಮಿಕ್ಕದ್ದು ಕರಡು ತಿದ್ದುವವರಿಗೆ. ದುಡ್ಡು ದಂಡವಾದದ್ದು ಎರಡು ಕಡೆ. ಒಂದು, ಸಿದ್ಧಪಟ್ಟಿ ಕೊಂಡದ್ದು. ಸಾವಿರಾರು ಸಾಲು ಒಟ್ಟಿಗೆ ಸಿಕ್ಕಿತು ಎಂದು ಹಿಗ್ಗಿದರೆ, ಮೂರರಲ್ಲೊಂದು ಪಾಲು ಕಸ. ಎರಡು ಬೇರೆ ಬೇರೆ ಪಟ್ಟಿಗಳು ಒಪ್ಪಿದವು ಎಂದ ಮಾತ್ರಕ್ಕೆ ನಂಬುವಂತಿಲ್ಲ. ಎರಡೂ ಒಂದನ್ನೇ ನಕಲು ಮಾಡಿರುತ್ತವೆ. ಪತ್ತೆಗೆ ಸುಲಭದ ದಾರಿ ಇದೆ: ಹೆಸರಿನ ಕಾಗುಣಿತದ ತಪ್ಪು ಎರಡರಲ್ಲೂ ಒಂದೇ ಆಗಿದ್ದರೆ ಅದು ಎರಡು ಮೂಲವಲ್ಲ, ಒಂದೇ. ಇನ್ನೊಂದು, ಸಾಲಿಗಿಷ್ಟು ಎಂದು ಕೂಲಿ ಕೊಟ್ಟದ್ದು. ಹಾಗೆ ಕೊಟ್ಟರೆ ಹುಟ್ಟು–ಸಾವುಗಳೇ ರಾಶಿ ಬೀಳುತ್ತವೆ, ಯಾಕೆಂದರೆ ಅವು ಸುಲಭವಾಗಿ ಸಿಗುತ್ತವೆ. ಆಮೇಲೆ ಲೆಕ್ಕ ತಿರುಗಿಸಿ, ಕಾರಣ ಬರೆದು ತೆಗೆದುಹಾಕಿದ ಸಾಲಿಗೂ ಸೇರಿಸಿದ ಸಾಲಿನಷ್ಟೇ ಕೂಲಿ ಎಂದು ಗೊತ್ತುಮಾಡಿದೆ. ಇದನ್ನೂ ದುಂದು ಎಂದರು. ಆದರೆ ಒಟ್ಟು ಖರ್ಚು ಸುಮಾರು ಮೂರರಲ್ಲೊಂದು ಪಾಲು ಇಳಿಯಿತು. ಅಚ್ಚಾದ ಮೇಲೆ ತಿದ್ದುವುದಕ್ಕಿಂತ ಮೊದಲೇ ಕಿತ್ತುಹಾಕುವುದು ಎಷ್ಟೋ ಅಗ್ಗ.

ಗಂಟೆಯ ಖಾನೆಗೆ ಏಪ್ರಿಲ್ 14–15ರ ಪುಟಗಳು ಒಳ್ಳೆಯ ಒರೆಗಲ್ಲು. 1865ರ ಏಪ್ರಿಲ್ 14ರ ರಾತ್ರಿ ಹತ್ತು ಗಂಟೆಯ ಮೇಲೆ ಲಿಂಕನ್‌ಗೆ ಗುಂಡು. ಪ್ರಾಣ ಹೋದದ್ದು 15ರ ಬೆಳಿಗ್ಗೆ 7.22ಕ್ಕೆ. 1912ರ ಏಪ್ರಿಲ್ 14ರ ರಾತ್ರಿ 11.40ಕ್ಕೆ ಟೈಟಾನಿಕ್ ಹಿಮಗಡ್ಡೆಗೆ ಬಡಿಯಿತು. ಮುಳುಗಿದ್ದು 15ರ ನಸುಕಿನ 2.20ಕ್ಕೆ, ಹಡಗಿನ ಗಡಿಯಾರದ ಪ್ರಕಾರ. ಎರಡು ಘಟನೆಗೆ ನಾಲ್ಕು ಸಾಲು ಬೇಕು, ಪ್ರತಿ ಸಾಲಿನಲ್ಲೂ ಹಂತ ಸ್ಪಷ್ಟವಾಗಿರಬೇಕು: ‘ಗುಂಡೇಟು’, ‘ಸಾವು’, ‘ಡಿಕ್ಕಿ’, ‘ಮುಳುಗಡೆ’. ದೂರದ ಊರಿನ ಲೆಕ್ಕವೂ ಹೀಗೆಯೇ ಕಾಡುತ್ತದೆ. ಪರ್ಲ್ ಹಾರ್ಬರ್ ದಾಳಿ ಹವಾಯಿಯಲ್ಲಿ 1941ರ ಡಿಸೆಂಬರ್ 7, ಜಪಾನಿನಲ್ಲಿ 8. ಚೆರ್ನೊಬಿಲ್ ಸ್ಫೋಟ ಮಾಸ್ಕೊ ಸಮಯದಲ್ಲಿ 1986ರ ಏಪ್ರಿಲ್ 26ರ ನಸುಕು 1.23, ಗ್ರೀನಿಚ್‌ನಲ್ಲಿ ಆಗ ಇನ್ನೂ 25ರ ರಾತ್ರಿ. ಹಿಂದೂ ಮಹಾಸಾಗರದ ಸುನಾಮಿಗೆ ಕಾರಣವಾದ ಭೂಕಂಪ 2004ರ ಡಿಸೆಂಬರ್ 26; ಅಮೆರಿಕದಲ್ಲಿ ಅದು ಕ್ರಿಸ್ಮಸ್ ಸಂಜೆ. ಜರ್ಮನಿಯ ಶರಣಾಗತಿಗೆ ರೀಮ್ಸ್‌ನಲ್ಲಿ ಸಹಿ ಬಿದ್ದದ್ದು 1945ರ ಮೇ 7ರಂದು. ಬರ್ಲಿನ್‌ನ ಎರಡನೇ ಸಹಿ 8ರ ತಡರಾತ್ರಿ, ಆಗ ಮಾಸ್ಕೊದಲ್ಲಿ 9. ಒಂದೇ ಯುದ್ಧದ ಕೊನೆಗೆ ಮೂರು ಪುಟ, ಮೂರೂ ಸರಿ.

ಚಂದ್ರನ ಮೇಲೆ ಊರೇ ಇಲ್ಲವಲ್ಲ. ಅಪೊಲೊ 11 ಇಳಿದದ್ದು ಗ್ರೀನಿಚ್ ಲೆಕ್ಕದಲ್ಲಿ 1969ರ ಜುಲೈ 20ರ ರಾತ್ರಿ 8.17ಕ್ಕೆ, ಆರ್ಮ್‌ಸ್ಟ್ರಾಂಗ್ ಕಾಲಿಟ್ಟದ್ದು 21ರ ನಸುಕಿನ 2.56ಕ್ಕೆ. ಭಾರತದಲ್ಲಿ ಎರಡೂ 21ಕ್ಕೆ, ಹ್ಯೂಸ್ಟನ್‌ನಲ್ಲಿ ಎರಡೂ 20ಕ್ಕೆ. ಬಾಹ್ಯಾಕಾಶಕ್ಕೆ ನಿಯಂತ್ರಣ ಕೇಂದ್ರದ ಊರೇ ಊರು ಎಂದು ಗೆರೆ ಎಳೆದಿದ್ದೇನೆ.

ಹಡಗಿನ ದಿನಚರಿಯಿಂದ ತಾರೀಕು ಎತ್ತುವವರು ಇನ್ನೊಂದು ನೋಡಿಕೊಳ್ಳಬೇಕು. ಬ್ರಿಟಿಷ್ ನೌಕಾಪಡೆಯಲ್ಲಿ 1805ರವರೆಗೆ ದಿನ ಬದಲಾಗುತ್ತಿದ್ದುದು ನಡುಹಗಲಿಗೆ, ನಾಡಿನ ದಿನಕ್ಕಿಂತ ಹನ್ನೆರಡು ಗಂಟೆ ಮೊದಲು. ಖಗೋಳ ವೀಕ್ಷಣೆಯ ಪುಸ್ತಕಗಳಲ್ಲಿ 1925ರವರೆಗೆ ಅದೂ ನಡುಹಗಲಿಗೇ, ಆದರೆ ಹನ್ನೆರಡು ಗಂಟೆ ತಡವಾಗಿ. ಹೀಗಾಗಿ ಒಂದೇ ಮಧ್ಯಾಹ್ನಕ್ಕೆ ಹಡಗಿನವರದ್ದೊಂದು ತಾರೀಕು, ಊರಿನವರದ್ದೊಂದು. ಮೆಗಲನ್‌ನ ತಂಡದಲ್ಲಿ ಉಳಿದವರು 1522ರಲ್ಲಿ ಕೇಪ್ ವರ್ಡ್ ತಲುಪಿದಾಗ ಅವರ ಲೆಕ್ಕದಲ್ಲಿ ಬುಧವಾರ, ದಡದವರ ಲೆಕ್ಕದಲ್ಲಿ ಗುರುವಾರ. ಪಶ್ಚಿಮಕ್ಕೆ ಭೂಮಿ ಸುತ್ತಿ ಬಂದದ್ದರಿಂದ ಒಂದು ದಿನ ಕಳೆದುಹೋಗಿತ್ತು.

ಹಂತದ ಖಾನೆ ಕಾನೂನು, ಒಪ್ಪಂದಗಳಿಗೆ ಅತಿ ಮುಖ್ಯ. ಅಮೆರಿಕದ ಸ್ವಾತಂತ್ರ್ಯಕ್ಕೆ ಮತ ಬಿದ್ದದ್ದು 1776ರ ಜುಲೈ 2ರಂದು, ಘೋಷಣೆಯ ಪಾಠ ಒಪ್ಪಿದ್ದು ಜುಲೈ 4ರಂದು, ಹೆಚ್ಚಿನವರು ಸಹಿ ಹಾಕಿದ್ದು ಆಗಸ್ಟ್ 2ರಂದು. ‘ಜುಲೈ 4ರಂದು ಸಹಿ’ ಎಂಬ ಸಾಲು ಕಂಡರೆ ನಾನು ಆ ಇಡೀ ಮೂಲವನ್ನೇ ಅನುಮಾನದ ಪಟ್ಟಿಗೆ ಹಾಕುತ್ತೇನೆ. ಭಾರತದ ಸಂವಿಧಾನ ಅಂಗೀಕಾರವಾದದ್ದು 1949ರ ನವೆಂಬರ್ 26. ಪೌರತ್ವ, ಚುನಾವಣೆಯಂಥ ಕೆಲವು ವಿಧಿಗಳು ಅಂದೇ ಜಾರಿ. ಉಳಿದದ್ದು 1950ರ ಜನವರಿ 26. ಪತ್ರಿಕೆಯ ಸುದ್ದಿಯಿಂದ ಎತ್ತುವಾಗ ನಡೆದ ದಿನ ಬೇರೆ, ಅಚ್ಚಾದ ದಿನ ಬೇರೆ ಎಂಬುದನ್ನು ಮರೆಯುವಂತಿಲ್ಲ. ಎವರೆಸ್ಟ್ ಸುದ್ದಿ ಲಂಡನ್ನಿನಲ್ಲಿ ಅಚ್ಚಾದದ್ದು ಜೂನ್ 2ರ ಬೆಳಿಗ್ಗೆ, ರಾಣಿಯ ಪಟ್ಟಾಭಿಷೇಕದ ದಿನ.

ಸ್ಪ್ರೆಡ್‌ಶೀಟ್‌ನಿಂದ ಬಂದ ಕಡತಗಳಲ್ಲಿ ಜನವರಿ 1ರ ಪುಟ ಊದಿಕೊಂಡಿರುತ್ತದೆ. ವರ್ಷ ಮಾತ್ರ ಗೊತ್ತಿದ್ದ ಘಟನೆಗೆ ತಂತ್ರಾಂಶ ತಾನಾಗಿಯೇ ಜನವರಿ 1 ಹಚ್ಚುತ್ತದೆ, ತಿಂಗಳು ಗೊತ್ತಿದ್ದರೆ ಆ ತಿಂಗಳ 1. ಖಚಿತತೆಯ ಖಾನೆಯಲ್ಲಿ ‘ದಿನ’ ಎಂದು ಯಾರಾದರೂ ಕೈಯಾರೆ ಬರೆಯುವವರೆಗೆ ಯಾವ ಒಂದನೇ ತಾರೀಕನ್ನೂ ಪುಟಕ್ಕೆ ಬಿಡುವುದಿಲ್ಲ. ಜರಡಿ ಹಿಡಿದ ಮೇಲೂ ಅಲ್ಲಿ ಗಟ್ಟಿ ಕಾಳು ಸಾಕಷ್ಟು ಉಳಿಯುತ್ತದೆ: 1801ರಲ್ಲಿ ಖಗೋಳಜ್ಞ ಪಿಯಾಟ್ಸಿ ಸೆರೆಸ್ ಎಂಬ ಕುಬ್ಜಗ್ರಹ ಕಂಡದ್ದು, 1804ರಲ್ಲಿ ಹೈಟಿಯ ಸ್ವಾತಂತ್ರ್ಯ, 2002ರಲ್ಲಿ ಯೂರೊ ನೋಟುಗಳು ಚಲಾವಣೆಗೆ ಬಂದದ್ದು. ದಿನ–ತಿಂಗಳು ಅದಲುಬದಲಾದ ಸಾಲುಗಳನ್ನು ಹಿಡಿಯಲು ತಾರೀಕು 12ರೊಳಗಿರುವ ಸಾಲುಗಳನ್ನೆಲ್ಲ ತಿರುವಿ ಹಾಕಿ, ತಿರುವಿದ ತಾರೀಕಿಗೆ ವಾರ ಕೂಡುತ್ತದೆಯೇ ನೋಡಿ. ಎಕ್ಸೆಲ್ 1900ಕ್ಕಿಂತ ಹಿಂದಿನ ತಾರೀಕನ್ನು ತಾರೀಕೆಂದೇ ಒಪ್ಪುವುದಿಲ್ಲ. ಇಲ್ಲದ 1900ರ ಫೆಬ್ರವರಿ 29 ಅನ್ನು ಮಾತ್ರ ಒಪ್ಪುತ್ತದೆ. ಆದರೆ ಅದೇ ದಿನ ಆಗಿನ್ನೂ ಜೂಲಿಯನ್‌ನಲ್ಲಿದ್ದ ರಷ್ಯಾದಲ್ಲಿ ನಿಜವಾಗಿ ಇತ್ತು, ಗ್ರೆಗೋರಿಯನ್ ಮಾರ್ಚ್ 13ಕ್ಕೆ ಸರಿಯಾಗಿ. ಆದ್ದರಿಂದ ಆ ತಾರೀಕು ಕಂಡ ಕೂಡಲೇ ಅಳಿಸಬೇಡಿ, ಊರಿನ ಖಾನೆ ನೋಡಿ.

ನಡುವೆ ಕುತೂಹಲಕ್ಕೆಂದು ಒಂದು ಪ್ರಯೋಗ ಮಾಡಿದೆ. ಸಾವಿರ ಘಟನೆಗಳನ್ನು 365 ದಿನಗಳ ಮೇಲೆ ಕಣ್ಣುಮುಚ್ಚಿ ಚೆಲ್ಲಿದರೆ ಏನಾಗುತ್ತದೆ? ಸರಾಸರಿ ದಿನಕ್ಕೆ ಮೂರೂ ಇಲ್ಲ. ಆದರೂ ಇಪ್ಪತ್ತಮೂರು–ಇಪ್ಪತ್ತನಾಲ್ಕು ದಿನ ಬರಿದಾಗಿ ಉಳಿಯುತ್ತವೆ, ಯಾವುದೋ ಒಂದು ದಿನದ ಮೇಲೆ ಎಂಟೋ ಒಂಬತ್ತೋ ಬಂದು ಕೂರುತ್ತವೆ. ಪ್ರತಿ ದಿನಕ್ಕೂ ಒಂದಾದರೂ ಬೀಳಬೇಕಾದರೆ ಸರಾಸರಿ 2,365 ಘಟನೆ ಬೇಕು. ಇದು ಖರ್ಚಿನ ಅಂದಾಜಿಗೆ ನೇರವಾಗಿ ಉಪಯೋಗಕ್ಕೆ ಬಂತು. ಮೊದಲ ಸಾವಿರ ಸಾಲಿಗೆ ಹುಡುಕಾಟ ಬೇಕಿಲ್ಲ. ಕೊನೆಯ ಇಪ್ಪತ್ತು ಬರಿದು ದಿನಗಳಿಗೆ ಒಂದೊಂದು ಸಾಲು ಸಿಗಬೇಕಾದರೆ ಮೊದಲಿನ ಹತ್ತುಪಟ್ಟು ಕೂಲಿ ಹೋಗುತ್ತದೆ. ಆ ಹಣವನ್ನು ಮೊದಲೇ ತೆಗೆದಿಡಿ.

ಆ ಪ್ರಯೋಗದಿಂದ ಇನ್ನೊಂದು ಖಾನೆ ಹುಟ್ಟಿತು, ಹತ್ತನೆಯದು: ಜೋಡಿ ಕಾಕತಾಳೀಯವೋ, ಬೇಕೆಂದೇ ಆರಿಸಿದ್ದೋ. ಒಂದು ದಿನದ ಮೇಲೆ ಹಲವು ಘಟನೆ ಬಿದ್ದಿರುವುದೇ ವಿಶೇಷವಲ್ಲ, ಚೆಲ್ಲಿದರೂ ಬೀಳುತ್ತವೆ. ಕಾರಣ ಇದೆಯೇ ಎಂಬುದು ವಿಶೇಷ. 1950ರ ಜನವರಿ 26 ಆರಿಸಿದ್ದು, 1930ರ ಪೂರ್ಣ ಸ್ವರಾಜ್ಯ ದಿನಕ್ಕಾಗಿ. 1947ರ ಆಗಸ್ಟ್ 15 ಆರಿಸಿದ್ದು, ಮೌಂಟ್‌ಬ್ಯಾಟನ್ ಅದನ್ನು 1945ರ ಜಪಾನಿನ ಶರಣಾಗತಿಗೆ ಜೋಡಿಸಿದ್ದರು. ಆದರೆ ಯೂರಿ ಗಗಾರಿನ್ ಹಾರಿದ 1961ರ ಏಪ್ರಿಲ್ 12, ಮೊದಲ ಸ್ಪೇಸ್ ಶಟಲ್ ಹಾರಿದ 1981ರ ಏಪ್ರಿಲ್ 12 ಶುದ್ಧ ಕಾಕತಾಳೀಯ: ಶಟಲ್ ಹೊರಡಬೇಕಿದ್ದುದು 10ಕ್ಕೆ, ಕಂಪ್ಯೂಟರುಗಳ ಹೊಂದಾಣಿಕೆ ತಪ್ಪಿ ಎರಡು ದಿನ ಮುಂದೆ ಹೋಯಿತು.

ಜರ್ಮನಿಯ ನವೆಂಬರ್ 9 ಈ ಖಾನೆಗೆ ಅತಿ ಶ್ರೀಮಂತ ಪುಟ. 1918ರಲ್ಲಿ ಗಣರಾಜ್ಯದ ಘೋಷಣೆ. 1923ರಲ್ಲಿ, ಹಿಂದಿನ ಸಂಜೆ ಮ್ಯೂನಿಕ್‌ನಲ್ಲಿ ಶುರುವಾದ ಹಿಟ್ಲರನ ದಂಗೆ ಮುರಿದುಬಿದ್ದದ್ದು. 1938ರಲ್ಲಿ ಯಹೂದ್ಯರ ಮನೆ, ಅಂಗಡಿ, ಸಿನಗಾಗ್‌ಗಳ ಮೇಲಿನ ದಾಳಿ. 1989ರಲ್ಲಿ ಬರ್ಲಿನ್ ಗೋಡೆ ತೆರೆದದ್ದು. ನಾಲ್ಕನ್ನೂ ಒಂದೇ ವಿಧಿಯ ದಾರದಲ್ಲಿ ಪೋಣಿಸುವುದು ಸುಲಭ, ಆದರೆ ಗಂಟು ಇರುವುದು 1923 ಮತ್ತು 1938ರ ನಡುವೆ ಮಾತ್ರ: ಮ್ಯೂನಿಕ್ ದಂಗೆಯ ವಾರ್ಷಿಕಕ್ಕೆಂದೇ ನಾಜಿ ಮುಖಂಡರು ಆ ರಾತ್ರಿ ಒಟ್ಟುಗೂಡಿದ್ದರು, ಗೋಬೆಲ್ಸ್ ಭಾಷಣ ಅಲ್ಲೇ ನಡೆಯಿತು. 1989ರದು ಪತ್ರಿಕಾಗೋಷ್ಠಿಯಲ್ಲಿ ಪೂರ್ವ ಜರ್ಮನಿಯ ಆಳುವ ಪಕ್ಷದ ವಕ್ತಾರ ಶಾಬೊವ್‌ಸ್ಕಿ ‘ಈಗಿನಿಂದಲೇ’ ಎಂದುಬಿಟ್ಟದ್ದರಿಂದ ಆದದ್ದು. ಹೊಸ ಪ್ರಯಾಣ ನಿಯಮ ಮರುದಿನದಿಂದ ಬರಬೇಕಿತ್ತು. ಪುಟದಲ್ಲಿ ಈ ಎರಡು ಬಗೆಯ ಗುರುತನ್ನು ಬೇರೆ ಬಣ್ಣದಲ್ಲಿ ಹಾಕಿದ್ದಕ್ಕೆ ಓದುಗರಿಂದ ಬಂದಷ್ಟು ಮೆಚ್ಚುಗೆ ಇನ್ನಾವುದಕ್ಕೂ ಬರಲಿಲ್ಲ.

ಕೊನೆಯದಾಗಿ ಇಲ್ಲದ ದಿನಗಳ ಕಾವಲು. ಊರು ಸ್ಪೇನ್ ಆಗಿ ತಾರೀಕು 1582ರ ಅಕ್ಟೋಬರ್ 5ರಿಂದ 14ರ ನಡುವೆ ಇದ್ದರೆ, ಬ್ರಿಟನ್ ಆಗಿ 1752ರ ಸೆಪ್ಟೆಂಬರ್ 3ರಿಂದ 13ರ ನಡುವೆ ಇದ್ದರೆ, ರಷ್ಯಾ ಆಗಿ 1918ರ ಫೆಬ್ರವರಿ 1ರಿಂದ 13ರ ನಡುವೆ ಇದ್ದರೆ ಸಾಲು ತಾನಾಗಿಯೇ ತಿರಸ್ಕೃತ. ಫಿಲಿಪೈನ್ಸ್‌ನಲ್ಲಿ 1844ರ ಡಿಸೆಂಬರ್ 31 ಇಲ್ಲ, ಸಮೋವಾದಲ್ಲಿ 2011ರ ಡಿಸೆಂಬರ್ 30 ಇಲ್ಲ. ಅವಿಲಾದ ಸಂತ ತೆರೇಸಾ ತೀರಿಕೊಂಡದ್ದು 1582ರ ಅಕ್ಟೋಬರ್ 4ರ ರಾತ್ರಿ. ಮರುದಿನ ಬೆಳಗಾದದ್ದು 15ಕ್ಕೆ. 4 ಆಗಲಿ 15 ಆಗಲಿ ಕಾವಲಿನ ವ್ಯಾಪ್ತಿಗೆ ಬರುವುದಿಲ್ಲ, ಈ ಸಾಲು ತಡೆಯಿಲ್ಲದೆ ದಾಟುತ್ತದೆ. ಇದಕ್ಕೆ ತಿರುಗುಮುರುಗು ಸ್ವೀಡನ್ನಿನದು: 1700ರ ಅಧಿಕ ದಿನ ಬಿಟ್ಟು, ಮತ್ತೆ ಜೂಲಿಯನ್‌ಗೆ ಮರಳಲು 1712ರಲ್ಲಿ ಫೆಬ್ರವರಿಗೆ 30ನೇ ದಿನ ಸೇರಿಸಿತು. 366 ಪುಟದಲ್ಲಿ ಅದಕ್ಕೆ ಜಾಗವಿಲ್ಲ. ಫೆಬ್ರವರಿ 29ರ ಪುಟದಲ್ಲಿ, 1792ರಲ್ಲಿ ಹುಟ್ಟಿದ ರೊಸ್ಸೀನಿ ಮತ್ತು 1896ರಲ್ಲಿ ಹುಟ್ಟಿದ ಮೊರಾರ್ಜಿ ದೇಸಾಯಿ ಅವರ ಸಾಲುಗಳ ಕೆಳಗೆ, ಪ್ರತ್ಯೇಕ ಗೆರೆ ಎಳೆದು ಸ್ವೀಡನ್ನಿನ ಆ ದಿನವನ್ನು ಹಾಕಿದ್ದೇನೆ.